ಮಗಳಿಗೆ ವಿಸಿಟಿಂಗ್ ಕಾರ್ಡ್ ಕೊಟ್ಟ ಮಲತಾಯಿ: ಜಪಾನಿ ಧಾರಾವಾಹಿಗಳ ಬಗ್ಗೆ ಓದುಗರ ಪ್ರಶ್ನೆಗಳು

ಜಪಾನಿನ ಟಿವಿ ಧಾರಾವಾಹಿಗಳಲ್ಲಿ ಮಲತಾಯಿಯನ್ನೂ ಮರುಮದುವೆಯಿಂದ ಕೂಡಿಬಂದ ಕುಟುಂಬಗಳನ್ನೂ ಹೇಗೆ ತೋರಿಸುತ್ತಾರೆ ಎಂಬುದರ ಬಗ್ಗೆ ಬಂದ ಪತ್ರಗಳನ್ನು ಈ ಸಂಚಿಕೆಯಲ್ಲಿ ಒಟ್ಟಿಗೆ ತೆಗೆದುಕೊಂಡಿದ್ದೇವೆ. ಒಂದೇ ಅರ್ಥದ ಪ್ರಶ್ನೆಗಳನ್ನು ಕೂಡಿಸಿ ಒಂದಾಗಿಸಿದ್ದೇವೆ.

ಪ್ರಶ್ನೆ: ಮಲತಾಯಿ ಎಂದರೆ ಮಕ್ಕಳನ್ನು ಹಿಂಸಿಸುವವಳು ಎಂಬ ಕಥೆಗಳನ್ನೇ ಕೇಳಿ ಬೆಳೆದವಳು ನಾನು. ಇತ್ತೀಚೆಗೆ ನೋಡಿದ ಒಂದು ಜಪಾನಿ ಧಾರಾವಾಹಿಯಲ್ಲಿ ಮಲತಾಯಿಯಾಗಲು ಬಂದ ಹೆಂಗಸು ಎಂಟು ವರ್ಷದ ಹುಡುಗಿಯ ಮುಂದೆ ಬಾಗಿ ತನ್ನ ವಿಸಿಟಿಂಗ್ ಕಾರ್ಡ್ ಕೊಡುತ್ತಾಳೆ. ಆ ದೇಶದಲ್ಲಿ ಕ್ರೂರ ಮಲತಾಯಿಯ ಕಥೆಗಳೇ ಇಲ್ಲವೇ?

ಉತ್ತರ: ಇವೆ, ಬೇಕಾದಷ್ಟಿವೆ. ಹತ್ತನೆಯ ಶತಮಾನದ ಕೊನೆಯ ಭಾಗದ್ದೆಂದು ಹೇಳಲಾಗುವ 'ಒಚಿಕುಬೊ ಮೊನೊಗತಾರಿ' ಎಂಬ ಗದ್ಯಕಥೆಯಲ್ಲಿ ಮಲತಾಯಿ ತನ್ನ ಗಂಡನ ಮಗಳನ್ನು ನೆಲಮಟ್ಟಕ್ಕಿಂತ ತಗ್ಗಿನಲ್ಲಿರುವ ಕೋಣೆಯೊಂದರಲ್ಲಿ ಇರಿಸಿ, ಮನೆಮಂದಿಯ ಬಟ್ಟೆಗಳನ್ನೆಲ್ಲ ಅವಳ ಕೈಯಲ್ಲಿ ಹೊಲಿಸುತ್ತಾಳೆ. ಕೊನೆಗೆ ನಿಷ್ಠಾವಂತ ದಾಸಿಯೊಬ್ಬಳ ನೆರವಿನಿಂದ ರಾಜಮನೆತನಕ್ಕೆ ಹತ್ತಿರದ ಯುವಕನೊಬ್ಬ ಅವಳನ್ನು ಬಿಡಿಸಿಕೊಂಡು ಹೋಗುತ್ತಾನೆ, ಆಮೇಲೆ ಮಲತಾಯಿಯ ಮೇಲೆ ಸೇಡನ್ನೂ ತೀರಿಸಿಕೊಳ್ಳುತ್ತಾನೆ. ತಲೆಯ ಮೇಲೆ ಬಟ್ಟಲು ಹೊತ್ತ ಹುಡುಗಿಯ ಕಥೆ 'ಹಚಿಕಝುಕಿ' ಮತ್ತು ತೈಮಾ ದೇವಾಲಯದೊಂದಿಗೆ ಬೆಸೆದುಕೊಂಡಿರುವ ಚೂಜೋಹಿಮೆಯ ದಂತಕಥೆ ಕೂಡ ಇದೇ ಬಗೆಯವು. ಮಲಮಗಳನ್ನು ಪೀಡಿಸುವ ಕಥೆಗಳನ್ನು ಜಪಾನಿನ ಸಾಹಿತ್ಯ ಚರಿತ್ರೆಕಾರರು ಒಂದು ಪ್ರತ್ಯೇಕ ಪ್ರಕಾರವಾಗಿಯೇ ಗುರುತಿಸುತ್ತಾರೆ.

ಆದರೆ ಟಿವಿಗೆ ಇಳಿದುಬಂದದ್ದು ಮುಖ್ಯವಾಗಿ ಈ ಪರಂಪರೆಯಲ್ಲ ಎಂಬುದು ನನ್ನ ಅಭಿಪ್ರಾಯ. ಇಪ್ಪತ್ತನೆಯ ಶತಮಾನದ ಆರಂಭದ ಪತ್ರಿಕಾ ಕಾದಂಬರಿಗಳಲ್ಲಿ ಮತ್ತು ಅವುಗಳಿಂದ ಹುಟ್ಟಿದ ರಂಗನಾಟಕಗಳಲ್ಲಿ ಇನ್ನೊಂದು ಎಳೆ ಇತ್ತು. ಮಿಕಿಯೊ ನರುಸೆ 1932ರಲ್ಲಿ ತೆರೆಗೆ ತಂದ ಮೂಕಿ ಚಿತ್ರ 'ನಸನು ನಕಾ' ಅದಕ್ಕೊಂದು ಉದಾಹರಣೆ. ಮಗಳನ್ನು ಬಿಟ್ಟು ಅಮೆರಿಕಕ್ಕೆ ಹೋಗಿ ಸಿನಿಮಾ ನಟಿಯಾಗಿ ಹಣ ಮಾಡಿದ ಹೆತ್ತ ತಾಯಿ ಮರಳಿ ಬಂದು ಮಗುವನ್ನು ಕೇಳುತ್ತಾಳೆ, ಮಗುವೋ ತನ್ನನ್ನು ಸಾಕಿದ ಮಲತಾಯಿಯನ್ನು ಬಿಡಲು ಒಪ್ಪುವುದಿಲ್ಲ. ಅಲ್ಲಿ ನೋಡುಗರ ಕರುಣೆ ಪೂರ್ತಿಯಾಗಿ ಮಲತಾಯಿಯ ಕಡೆಗಿದೆ. ರಕ್ತಕ್ಕಿಂತ ಸಾಕಿದ ಋಣ ದೊಡ್ಡದೋ ಎಂಬ ಈ ವ್ಯಾಜ್ಯವೇ ಇಂದಿನ ಧಾರಾವಾಹಿಗಳ ಹಿಂದೆಯೂ ಇದೆ.

ಕ್ರೌರ್ಯಕ್ಕೆ ಎಡೆ ಕಡಿಮೆಯಾಗಲು ಪ್ರಸಾರದ ರೀತಿಯೂ ಒಂದು ಕಾರಣ. ಜಪಾನಿನಲ್ಲಿ ರಾತ್ರಿಯ ಧಾರಾವಾಹಿ ಸಾಮಾನ್ಯವಾಗಿ ವಾರಕ್ಕೊಂದು ಕಂತಿನಂತೆ ಮೂರು ತಿಂಗಳು, ಅಂದರೆ ಹತ್ತು ಹನ್ನೊಂದು ಕಂತುಗಳಲ್ಲಿ ಮುಗಿಯುತ್ತದೆ. ಖಳನಾಯಕಿಯಾದ ಮಲತಾಯಿ ಮೆರೆಯಬೇಕಾದರೆ ಕೊನೆಯಿಲ್ಲದೆ ಎಳೆಯಬಹುದಾದ ಕಥೆ ಬೇಕು, ಇಲ್ಲಿ ಅಷ್ಟು ಜಾಗವಿಲ್ಲ. ದಿನವೂ ಪ್ರಸಾರವಾಗುತ್ತಿದ್ದ ಮಧ್ಯಾಹ್ನದ ಧಾರಾವಾಹಿಗಳಲ್ಲಿ ಹಗೆ, ಹೊಟ್ಟೆಕಿಚ್ಚು, ಮುಚ್ಚಿಟ್ಟ ಜನ್ಮರಹಸ್ಯಗಳು ಧಾರಾಳವಾಗಿದ್ದವು. ಟೋಕಾಯಿ ಟೆಲಿವಿಷನ್ 1964ರಿಂದ ನಡೆಸಿಕೊಂಡು ಬಂದ ಆ ಮಧ್ಯಾಹ್ನದ ಸರಣಿ 2016ರ ಮಾರ್ಚ್‌ನಲ್ಲಿ ನಿಂತುಹೋಯಿತು.

ನೀವು ನೋಡಿದ್ದು ಟಿಬಿಎಸ್ ವಾಹಿನಿಯ 'ಗಿಬೊ ತೊ ಮುಸುಮೆ ನೊ ಬ್ಲೂಸ್' ಇರಬೇಕು. ರಿನ್ ಸಕುರಝಾವಾ ಅವರ ನಾಲ್ಕು ಚೌಕಟ್ಟಿನ ಹಾಸ್ಯ ಮಂಗಾವನ್ನು (ಜಪಾನಿ ಚಿತ್ರಕಥೆ) ಆಧರಿಸಿ ಯೊಶಿಕೊ ಮೊರಿಶಿತಾ ಬರೆದ ಈ ಧಾರಾವಾಹಿ 2018ರ ಜುಲೈನಿಂದ ಸೆಪ್ಟೆಂಬರ್‌ವರೆಗೆ ಹತ್ತು ಕಂತುಗಳಲ್ಲಿ ಬಂದಿತು. ಕೊನೆಯ ಕಂತನ್ನು ಟೋಕಿಯೊ ಸುತ್ತಲಿನ ಕಾಂತೋ ಪ್ರದೇಶದಲ್ಲಿ ಶೇಕಡಾ 19.2ರಷ್ಟು ಮನೆಗಳಲ್ಲಿ ನೋಡಿದ್ದರು. ಮುಂದೆ ಹೊಸ ವರ್ಷದ ವಿಶೇಷ ಕಂತುಗಳಾಗಿ ಮುಂದುವರಿದು 2024ರ ಜನವರಿಯಲ್ಲಿ ಮುಗಿಯಿತು. ಹರುಕಾ ಅಯಾಸೆ ನಟಿಸಿದ ಅಕಿಕೊ ಒಂದು ಲೋಹದ ಕಂಪನಿಯ ಹಿರಿಯ ಅಧಿಕಾರಿ. ಹೆಂಡತಿ ತೀರಿಕೊಂಡ, ತಾನೂ ಕ್ಯಾನ್ಸರಿನಿಂದ ಹೆಚ್ಚು ದಿನ ಬದುಕುವುದಿಲ್ಲವೆಂದು ಗೊತ್ತಿರುವ ರ್‍ಯೋಇಚಿ ತನ್ನ ಮಗಳು ಮಿಯುಕಿಯನ್ನು ನೋಡಿಕೊಳ್ಳಲು ಆಕೆಯೊಂದಿಗೆ ಒಂದು ಒಪ್ಪಂದದಂತೆ ಮದುವೆಯಾಗುತ್ತಾನೆ. ಅಕಿಕೊ ತಾಯಿಯ ಕೆಲಸಕ್ಕೆ ಅರ್ಜಿ ಹಾಕಿದವಳಂತೆ ಮಗುವಿನ ಮುಂದೆ ತನ್ನ ವಿದ್ಯೆ ಮತ್ತು ಅನುಭವದ ವಿವರಗಳನ್ನು ಇಡುತ್ತಾಳೆ. ನಗು ಬರಿಸುವ ಆ ದೃಶ್ಯದಲ್ಲಿ ಒಂದು ಗಂಭೀರವಾದ ವಿಚಾರವಿದೆ: ಮಗುವಿನ ಒಪ್ಪಿಗೆ ಗಳಿಸಬೇಕಾದವಳು ಮಲತಾಯಿ, ತಾಯಿಯೆಂದು ಕೂಡಲೇ ಒಪ್ಪಿಬಿಡಬೇಕಾದ ಜವಾಬ್ದಾರಿ ಮಗುವಿನದಲ್ಲ. ಹುಡುಗಿ ಮೊದಲು ಅವಳನ್ನು ತಿರಸ್ಕರಿಸುತ್ತಾಳೆ, ಅಕಿಕೊ ಆ ತಿರಸ್ಕಾರವನ್ನು ಒಬ್ಬ ಗಿರಾಕಿಯ ಆಕ್ಷೇಪವನ್ನು ಕೇಳಿಸಿಕೊಂಡಷ್ಟೇ ಶ್ರದ್ಧೆಯಿಂದ ಕೇಳಿಸಿಕೊಳ್ಳುತ್ತಾಳೆ. ಪ್ರೀತಿ ಹುಟ್ಟುವ ಮುನ್ನವೇ ಕರ್ತವ್ಯ ಶುರುವಾಗಬಹುದು ಎಂಬ ಈ ಚಿತ್ರಣ ನನಗೆ ಮಮತೆಯ ಮಹಾಪೂರಕ್ಕಿಂತ ಹೆಚ್ಚು ನಂಬಲರ್ಹವಾಗಿ ಕಂಡಿತು.

ಪ್ರಶ್ನೆ: ಇಂಥ ಕಥೆಗಳಲ್ಲಿ ಮೊದಲ ಹೆಂಡತಿ ಬಹುತೇಕ ಸತ್ತೇ ಹೋಗಿರುತ್ತಾಳೆ. ಅಲ್ಲಿ ವಿಚ್ಛೇದನಗಳು ಕಡಿಮೆಯೇ, ಅಥವಾ ಬರಹಗಾರರಿಗೆ ಅದು ಅನುಕೂಲವೇ?

ಉತ್ತರ: ವಿಚ್ಛೇದನ ಕಡಿಮೆಯೇನಲ್ಲ. ಜಪಾನಿನಲ್ಲಿ ಈಗ ನಡೆಯುವ ನಾಲ್ಕು ಮದುವೆಗಳಲ್ಲಿ ಸುಮಾರು ಒಂದರಲ್ಲಿ ವಧು ಅಥವಾ ವರ, ಇಲ್ಲವೇ ಇಬ್ಬರೂ, ಮರುಮದುವೆಯಾಗುತ್ತಿರುವವರು. ನಿಮ್ಮ ಅನುಮಾನದ ಎರಡನೆಯ ಭಾಗವೇ ಸರಿ, ಆದರೆ ಆ ಅನುಕೂಲದ ಬೇರು ಬರಹಗಾರರ ಸೋಮಾರಿತನಕ್ಕಿಂತ ಆಳವಾಗಿ ಕಾನೂನಿನಲ್ಲಿದೆ.

ಯುದ್ಧಾನಂತರದ ನಾಗರಿಕ ಸಂಹಿತೆಯ ಪ್ರಕಾರ ವಿಚ್ಛೇದನವಾದಾಗ ಅಪ್ರಾಪ್ತ ಮಗುವಿನ ಮೇಲಿನ ಅಧಿಕಾರವನ್ನು ತಂದೆ ತಾಯಿಯರಲ್ಲಿ ಒಬ್ಬರಿಗೆ ಮಾತ್ರ ಕೊಡಬೇಕಿತ್ತು. ಹತ್ತರಲ್ಲಿ ಎಂಟಕ್ಕಿಂತ ಹೆಚ್ಚು ಪ್ರಕರಣಗಳಲ್ಲಿ ಅದು ತಾಯಿಗೆ ಹೋಗುತ್ತಿತ್ತು. ಹಾಗಾಗಿ ವಿಚ್ಛೇದನದ ನಂತರ ತಂದೆಯ ಬಳಿ ಉಳಿಯುವ ಮಕ್ಕಳೇ ಕಡಿಮೆ, ಅಂದಮೇಲೆ ವಿಚ್ಛೇದನದಿಂದ ಹುಟ್ಟುವ ಮಲತಾಯಿಯರೂ ಕಡಿಮೆ. ನಿಜಜೀವನದಲ್ಲಿ ಹೆಚ್ಚಾಗಿ ಕಾಣಬೇಕಾದವನು ಮಲತಂದೆ. ಕಥೆಗೆ ಮಲತಾಯಿಯೇ ಬೇಕೆಂದರೆ ತಂದೆಯನ್ನು ವಿಧುರನನ್ನಾಗಿ ಮಾಡುವುದು ಎಲ್ಲಕ್ಕಿಂತ ಸರಳವಾದ ದಾರಿ. ಆಗ ಹೆತ್ತ ತಾಯಿ ಗೋಡೆಯ ಮೇಲಿನ ಭಾವಚಿತ್ರವಾಗಿ, ಮನೆಯ ಬುದ್ಧಪೀಠದ ಮುಂದಿನ ಊದುಬತ್ತಿಯಾಗಿ ಉಳಿಯುತ್ತಾಳೆ. ಅವಳಿಗೆ ಹಕ್ಕುಗಳಿಲ್ಲ, ಅಭಿಪ್ರಾಯಗಳಿಲ್ಲ, ಭಾನುವಾರ ಮಗುವನ್ನು ಕರೆದೊಯ್ಯಲು ಅವಳು ಬಾಗಿಲಿಗೆ ಬರುವುದಿಲ್ಲ.

ಜಪಾನಿ ಧಾರಾವಾಹಿಯ ಒಳ್ಳೆಯ ಮಲತಾಯಿಯ ಬಗ್ಗೆ ನನಗಿರುವ ದೊಡ್ಡ ತಕರಾರು ಇದೇ. ಅವಳ ಒಳ್ಳೆಯತನಕ್ಕೆ ಎದುರಾಳಿಯೇ ಇಲ್ಲ. ಸತ್ತವಳ ನೆನಪನ್ನು ಗೌರವಿಸುವುದು ಕಷ್ಟವಾದರೂ ಅದು ಏಕಪಕ್ಷೀಯ ಕೆಲಸ. ಬದುಕಿರುವ, ಬೇರೆ ಮನೆ ಮಾಡಿಕೊಂಡಿರುವ, ಮಗುವಿನ ಶಾಲೆಯ ಬಗ್ಗೆ ಭಿನ್ನಾಭಿಪ್ರಾಯವಿರುವ ಹೆತ್ತ ತಾಯಿಯೊಂದಿಗೆ ಪ್ರತಿ ವಾರ ಮಾತಾಡುವುದು ಬೇರೆಯೇ ಕೆಲಸ. ಆ ಎರಡನೆಯದನ್ನು ಅಲ್ಲಿಯ ಮುಖ್ಯ ವಾಹಿನಿಗಳ ಕಥೆಗಳು ಮುಟ್ಟುವುದು ತೀರಾ ಅಪರೂಪ. ಹೆತ್ತ ತಾಯಿ ಬದುಕಿರುವ ಕಥೆಗಳಲ್ಲಿ ಅವಳು ತಪ್ಪಿತಸ್ಥೆಯಾಗಿರುತ್ತಾಳೆ. ನಿಪ್ಪಾನ್ ಟಿವಿ 2010ರಲ್ಲಿ ಪ್ರಸಾರ ಮಾಡಿದ, ಯೂಜಿ ಸಕಾಮೊತೊ ಬರೆದ 'ಮದರ್' ಧಾರಾವಾಹಿಯಲ್ಲಿ ಶಿಕ್ಷಕಿ ನಾವೊ, ಹೆತ್ತ ತಾಯಿ ಮತ್ತು ಆಕೆಯ ಗೆಳೆಯನಿಂದ ಹಿಂಸೆಗೊಳಗಾದ ವಿದ್ಯಾರ್ಥಿನಿಯನ್ನು ಕರೆದುಕೊಂಡು ಓಡಿಹೋಗುತ್ತಾಳೆ. ನಾವೊ ಮಲತಾಯಿಯಲ್ಲ, ಕಾನೂನಿನ ಕಣ್ಣಿನಲ್ಲಿ ಅಪಹರಣಕಾರಳು, ಕೊನೆಗೆ ಬಂಧನವೂ ಆಗುತ್ತದೆ. ಆದರೂ ಈ ಧಾರಾವಾಹಿಯ ಹಿರಿಮೆ ಎಂದರೆ ಅದು ಹೆತ್ತ ತಾಯಿಯ ಒಂಟಿತನಕ್ಕೂ ಬಡತನಕ್ಕೂ ಸ್ವಲ್ಪ ಸಮಯ ಕೊಟ್ಟು, ಅವಳು ಹಾಗೇಕೆ ಕುಸಿದಳೆಂಬುದನ್ನು ಹಿನ್ನೋಟದಲ್ಲಿ ತೋರಿಸಿತು. ನಾವೊ ಕೂಡ ದತ್ತುಮಗಳು, ಅವಳನ್ನು ಸಾಕಿದ ತಾಯಿಯೂ ಹೆತ್ತ ತಾಯಿಯೂ ಒಂದೇ ಕಥೆಯಲ್ಲಿ ಎದುರುಬದುರಾಗುತ್ತಾರೆ. ಮಲತಾಯಿಯ ಕಥೆಗಳು ತಪ್ಪಿಸಿಕೊಳ್ಳುವ ಮುಖಾಮುಖಿಯನ್ನು ದತ್ತಕದ ಕಥೆ ಎದುರಿಸಿದೆ.

ಕಾನೂನು ಈಗ ಬದಲಾಗುತ್ತಿದೆ. ವಿಚ್ಛೇದನದ ನಂತರವೂ ತಂದೆ ತಾಯಿಯರಿಬ್ಬರೂ ಅಧಿಕಾರ ಉಳಿಸಿಕೊಳ್ಳಲು ಅವಕಾಶ ಕೊಡುವ ತಿದ್ದುಪಡಿಯನ್ನು ಜಪಾನಿನ ಸಂಸತ್ತು 2024ರ ಮೇ ತಿಂಗಳಲ್ಲಿ ಅಂಗೀಕರಿಸಿತು. ಜಾರಿಗೆ 2026ರ ಏಪ್ರಿಲ್ 1ರ ದಿನಾಂಕವನ್ನು ಗೊತ್ತುಮಾಡಲಾಯಿತು. ಇನ್ನು ಮುಂದೆ ಬರುವ ಧಾರಾವಾಹಿಗಳಲ್ಲಿ ಮೊದಲ ಹೆಂಡತಿ ಬದುಕುಳಿಯಲು ಇದು ನೆರವಾದೀತು.

ಪ್ರಶ್ನೆ: ಎರಡೂ ಕಡೆಯ ಮಕ್ಕಳು ಒಂದೇ ಮನೆಯಲ್ಲಿ ಸೇರಿದಾಗ ಆಗುವ ಜಗಳಗಳನ್ನು ಪ್ರಾಮಾಣಿಕವಾಗಿ ತೋರಿಸಿದ ಧಾರಾವಾಹಿ ಇದೆಯೇ?

ಉತ್ತರ: ನನ್ನ ಮಟ್ಟಿಗೆ ಈ ವಿಷಯದಲ್ಲಿ ಜಪಾನಿನ ಸಾರ್ವಜನಿಕ ಪ್ರಸಾರ ಸಂಸ್ಥೆ ಎನ್‌ಎಚ್‌ಕೆಯ ಬೆಳಗಿನ ಧಾರಾವಾಹಿಗಳು ರಾತ್ರಿಯವುಗಳಿಗಿಂತ ಉತ್ತಮ. ದಿನಕ್ಕೆ ಹದಿನೈದೇ ನಿಮಿಷವಾದರೂ ಆರು ತಿಂಗಳ ಕಾಲ ನಡೆಯುವುದರಿಂದ ಸಣ್ಣ ಅಸಮಾಧಾನಗಳಿಗೂ ಅಲ್ಲಿ ಜಾಗ ಸಿಗುತ್ತದೆ.

2024ರ ಏಪ್ರಿಲ್‌ನಿಂದ ಸೆಪ್ಟೆಂಬರ್‌ವರೆಗೆ ಪ್ರಸಾರವಾದ, ಎರಿಕಾ ಯೊಶಿದಾ ಬರೆದ 'ತೊರಾ ನಿ ತ್ಸುಬಾಸಾ'ವನ್ನು ಮೊದಲು ನೋಡಿ. 1938ರಲ್ಲಿ ವಕೀಲಿಕೆಯ ಪರೀಕ್ಷೆಯಲ್ಲಿ ಉತ್ತೀರ್ಣರಾದ ಜಪಾನಿನ ಮೊದಲ ಮೂವರು ಮಹಿಳೆಯರಲ್ಲಿ ಒಬ್ಬರಾಗಿ, ಮುಂದೆ ನ್ಯಾಯಾಧೀಶೆಯಾದ ಯೊಶಿಕೊ ಮಿಬುಚಿ ಅವರ ಬದುಕು ಅದಕ್ಕೆ ಪ್ರೇರಣೆ. ಮೊದಲ ಪತಿಯನ್ನು ಯುದ್ಧ ಮುಗಿದ ಮೇಲೆ 1946ರಲ್ಲಿ ಕಳೆದುಕೊಂಡ ಮಿಬುಚಿ, 1956ರಲ್ಲಿ ನಾಲ್ಕು ಮಕ್ಕಳ ತಂದೆಯಾಗಿದ್ದ ನ್ಯಾಯಾಧೀಶರೊಬ್ಬರನ್ನು ಮದುವೆಯಾದರು, ಮಿಬುಚಿ ಅವರಿಗೂ ಒಬ್ಬ ಮಗನಿದ್ದ. ಧಾರಾವಾಹಿಯಲ್ಲಿ ನಾಯಕಿ ತೊಮೊಕೊಗೆ ಯುಮಿ ಎಂಬ ಮಗಳು, ಆಕೆಯ ಸಂಗಾತಿ ಕೊಇಚಿಗೆ ಬೆಳೆದ ಮಗನೂ ಮಗಳೂ ಇದ್ದಾರೆ. ಅಲ್ಲಿಯ ಕಾನೂನಿನ ಪ್ರಕಾರ ದಂಪತಿಗಳು ಒಂದೇ ಕುಲನಾಮ ಇಟ್ಟುಕೊಳ್ಳಲೇಬೇಕು. ತನ್ನ ಹೆಸರನ್ನು ಬಿಡಲೊಪ್ಪದ ತೊಮೊಕೊ ಮದುವೆಯನ್ನು ನೋಂದಾಯಿಸದೆ 'ದಂಪತಿಗಳಂತೆ' ಬಾಳಲು ತೀರ್ಮಾನಿಸಿ, ಮಗಳೊಂದಿಗೆ ಕೊಇಚಿಯ ಮನೆಗೆ ಬರುತ್ತಾಳೆ. ನಿಜಜೀವನದ ಮಿಬುಚಿ ಕಾನೂನುಬದ್ಧವಾಗಿಯೇ ಮದುವೆಯಾಗಿದ್ದರು. ಇದು ಬರಹಗಾರ್ತಿ ಬೇಕೆಂದೇ ಮಾಡಿಕೊಂಡ ಬದಲಾವಣೆ.

ಆ ಮನೆಯ ಮಗಳು ನೊದೊಕಾಳ ಸಿಟ್ಟು ಎಷ್ಟು ನಿಖರವಾಗಿದೆಯೆಂದರೆ, ಅದನ್ನು ಬರೆದವರು ಇಂಥ ಮನೆಗಳನ್ನು ಹತ್ತಿರದಿಂದ ಬಲ್ಲವರಿರಬೇಕು ಅನಿಸುತ್ತದೆ. ಹೊಸ ಹೆಂಗಸು ತನ್ನ ತಾಯಿಯ ಜಾಗ ಕಿತ್ತುಕೊಂಡಳು ಎಂಬ ಮಾಮೂಲು ಕೊರಗಿಗಿಂತ ಅವಳನ್ನು ಹೆಚ್ಚಾಗಿ ಇರಿಯುವುದು ಬೇರೆಯೇ. ತಮ್ಮ ಮುಂದೆ ಎಂದೂ ಮನಸ್ಸು ಬಿಚ್ಚದ ತಂದೆ, ಈ ಹೊಸಬರ ಮುಂದೆ ನಗುತ್ತಾನೆ, ಮಾತಾಡುತ್ತಾನೆ. ಅಂದರೆ ಅವನಿಗೆ ಅದು ಸಾಧ್ಯವಿತ್ತು, ನಮಗೆ ಮಾತ್ರ ಕೊಡಲಿಲ್ಲ ಎಂಬ ಲೆಕ್ಕ. ಮಲತಾಯಿ ಒಳ್ಳೆಯವಳಾದಷ್ಟೂ ಹೆಚ್ಚುವ ನೋವು ಇದು, ಹಾಗಾಗಿ ಅವಳ ಒಳ್ಳೆಯತನದಿಂದ ಇದಕ್ಕೆ ಪರಿಹಾರವಿಲ್ಲ. ಧಾರಾವಾಹಿ ಇದನ್ನು ಅರಿತು, ಸರಿಪಡಿಸುವ ಹೊಣೆಯನ್ನು ತಂದೆಯ ಮೇಲೆ ಹೊರಿಸುತ್ತದೆ. ಮಾಜೊಂಗ್ ಆಟದ ಸುತ್ತ ಕುಳಿತು ಅವರೆಲ್ಲ ಮಾತಿಗೆ ಇಳಿಯುವ ಕಂತನ್ನು ತಪ್ಪಿಸಬೇಡಿ. ಅದೇ ಮನೆಯಲ್ಲಿರುವ ಅಜ್ಜಿ ಯುರಿ ಕೂಡ ಎರಡನೆಯ ಹೆಂಡತಿಯಾಗಿ ಬಂದವಳು, ಕೊಇಚಿಗೆ ಮಲತಾಯಿ. ತಾಯಿ ಸತ್ತ ಮೇಲೆ ಆ ಮಕ್ಕಳನ್ನು ನೋಡಿಕೊಂಡವಳು ಅವಳೇ. ಒಂದೇ ಸೂರಿನಡಿ ಎರಡು ತಲೆಮಾರಿನ ಮಲತಾಯಿಯರನ್ನು ಇಟ್ಟು, ಹಿರಿಯಳ ದುಡಿಮೆಯನ್ನು ಯಾರೂ ಗಮನಿಸಿರಲಿಲ್ಲವೆಂದು ತೋರಿಸಿದ್ದು ಈ ಧಾರಾವಾಹಿಯ ಸೂಕ್ಷ್ಮತೆ.

ಇದಕ್ಕೂ ಮುಂಚೆ, 2019ರ 'ನತ್ಸುಜೊರಾ'ದಲ್ಲಿ ಯುದ್ಧದಲ್ಲಿ ಅನಾಥಳಾದ ಹುಡುಗಿ ನತ್ಸು ಹೊಕ್ಕೈದೊದ ತೊಕಾಚಿ ಬಯಲಿನ ಹೈನುಗಾರರ ಮನೆಗೆ ಬರುತ್ತಾಳೆ. ಅದೇ ವಯಸ್ಸಿನ ಆ ಮನೆಯ ಮಗಳು ತನ್ನ ಬಟ್ಟೆಗಳನ್ನು ಹಂಚಿಕೊಳ್ಳಲು ಒಪ್ಪುವುದಿಲ್ಲ. ನತ್ಸು ಹಟ್ಟಿಯಲ್ಲಿ ದುಡಿಯಲು ಶುರುಮಾಡುತ್ತಾಳೆ, ಪಟ್ಟಣಕ್ಕೆ ಹೋದಾಗ ಅಜ್ಜ ತೈಜು ಅವಳಿಗೆ ಐಸ್‌ಕ್ರೀಮ್ ಕೊಡಿಸಿ, ಇದು ನಿನ್ನ ದುಡಿಮೆಯ ಫಲ ಎನ್ನುತ್ತಾನೆ. ಬಹಳ ಜನ ಮೆಚ್ಚಿದ ದೃಶ್ಯವಿದು. ನನಗೆ ಮಾತ್ರ ಸ್ವಲ್ಪ ಕಸಿವಿಸಿ: ಆ ಮನೆಯ ಹೆತ್ತ ಮಗಳು ಏನನ್ನೂ ದುಡಿದು ಸಂಪಾದಿಸಬೇಕಿರಲಿಲ್ಲವಲ್ಲ. ನತ್ಸು ಬೆಳೆದ ಮೇಲೆ ಅದೇ ಅಜ್ಜ, ಅವಳು ಮನೆಯ ಮಗ ತೆರುವೊನನ್ನು ಮದುವೆಯಾಗಿ 'ನಿಜವಾಗಿ' ಕುಟುಂಬದವಳಾಗಲಿ ಎಂದು ಸೂಚಿಸಿದಾಗ ಇಬ್ಬರಿಗೂ ಆಘಾತವಾಗುತ್ತದೆ. ಅಷ್ಟು ವರ್ಷ ಅಣ್ಣ ತಂಗಿಯರಾಗಿ ಬಾಳಿದ್ದು ಹಾಗಾದರೆ ಏನು ಎಂಬ ಪ್ರಶ್ನೆಯನ್ನು ಕಥೆ ಅಲ್ಲಿ ಧೈರ್ಯವಾಗಿ ಎತ್ತಿದೆ.

ಪ್ರಶ್ನೆ: ಮಲತಂದೆಯರನ್ನು ಹೇಗೆ ತೋರಿಸುತ್ತಾರೆ?

ಉತ್ತರ: ಹೆಚ್ಚಾಗಿ ಎರಡು ತುದಿಗಳಲ್ಲಿ. ಒಂದು ಹಾಸ್ಯದ ತುದಿ. ಟಿಬಿಎಸ್ 2012ರಲ್ಲಿ ತಂದ 'ಪಾಪಾ ವಾ ಐಡೊರು' ಧಾರಾವಾಹಿಯಲ್ಲಿ ಜನಪ್ರಿಯ ಗಾಯಕನೊಬ್ಬ ಮೂರು ಮಕ್ಕಳ ತಾಯಿಯನ್ನು ಗುಟ್ಟಾಗಿ ಮದುವೆಯಾಗುತ್ತಾನೆ. ಇನ್ನೊಂದು, 'ಮದರ್'ನಲ್ಲಿ ಕಾಣುವಂತೆ, ತಾಯಿಯ ಗೆಳೆಯನ ಕೈಯಲ್ಲಿ ನರಳುವ ಮಗುವಿನ ತುದಿ. ಟೋಕಿಯೊದಲ್ಲಿ 2018ರಲ್ಲಿ ಐದು ವರ್ಷದ ಬಾಲಕಿಯೊಬ್ಬಳು ತಾಯಿ ಮತ್ತು ಮಲತಂದೆಯ ಹಿಂಸೆಯಿಂದ ಸತ್ತ ಪ್ರಕರಣ ದೇಶವನ್ನೇ ಕಲಕಿತು. ಮಕ್ಕಳಿಗೆ ಪೋಷಕರು ದೈಹಿಕ ಶಿಕ್ಷೆ ಕೊಡುವುದನ್ನು ನಿಷೇಧಿಸುವ ತಿದ್ದುಪಡಿ ಮರುವರ್ಷ ಬಂದು 2020ರ ಏಪ್ರಿಲ್‌ನಲ್ಲಿ ಜಾರಿಯಾಯಿತು. ಈ ಎರಡು ತುದಿಗಳ ನಡುವಿನ ಸಾಧಾರಣ ಮಲತಂದೆ, ಸಂಖ್ಯೆಯಲ್ಲಿ ಅವನೇ ಹೆಚ್ಚಿದ್ದರೂ, ತೆರೆಯ ಮೇಲೆ ಅಪರೂಪ.

ಪ್ರಶ್ನೆ: ತಂದೆ ತೀರಿಕೊಂಡರೆ ಮಲತಾಯಿಗೆ ಮಗುವಿನ ಮೇಲೆ ಯಾವ ಹಕ್ಕೂ ಇರುವುದಿಲ್ಲವೆಂದು ಒಂದು ಕಥೆಯಲ್ಲಿ ಹೇಳಿದರು. ಇದು ನಿಜವೇ?

ಉತ್ತರ: ದತ್ತು ತೆಗೆದುಕೊಂಡಿರದಿದ್ದರೆ ನಿಜ. ಮದುವೆಯಾದ ಮಾತ್ರಕ್ಕೆ ಸಂಗಾತಿಯ ಮಗುವಿನೊಂದಿಗೆ ಕಾನೂನಿನ ದೃಷ್ಟಿಯಲ್ಲಿ ತಾಯಿ ಮಗುವಿನ ಸಂಬಂಧ ಏರ್ಪಡುವುದಿಲ್ಲ, ವಾರಸುದಾರಿಕೆಯೂ ಬರುವುದಿಲ್ಲ. ಆಶ್ಚರ್ಯವೆಂದರೆ ಹಳೆಯ ಕಾಲದಲ್ಲಿ ಹೀಗಿರಲಿಲ್ಲ. 1898ರಲ್ಲಿ ಜಾರಿಯಾದ ಮೆಇಜಿ ಕಾಲದ ಸಂಹಿತೆ ಮಲತಾಯಿ ಮತ್ತು ಮಲಮಕ್ಕಳನ್ನು ರಕ್ತಸಂಬಂಧಿಗಳಂತೆಯೇ ಪರಿಗಣಿಸುತ್ತಿತ್ತು. ಅದು ಮನೆತನದ ಯಜಮಾನಿಕೆಯ ವ್ಯವಸ್ಥೆಯ ಭಾಗವಾಗಿತ್ತು, ಯುದ್ಧದ ನಂತರ ಆ ವ್ಯವಸ್ಥೆಯನ್ನು ತೆಗೆದುಹಾಕಿದಾಗ ಈ ನಿಯಮವೂ ಹೋಯಿತು. ಈಗ ಸಂಗಾತಿಯ ಅಪ್ರಾಪ್ತ ಮಗುವನ್ನು ದತ್ತು ಪಡೆಯಲು ಕೌಟುಂಬಿಕ ನ್ಯಾಯಾಲಯದ ಅನುಮತಿ ಬೇಕಿಲ್ಲ, ನಗರಸಭೆಯ ಕಚೇರಿಯಲ್ಲಿ ಅರ್ಜಿ ಸಲ್ಲಿಸಿದರೆ ಕೊಸೆಕಿ ಎಂಬ ಕುಟುಂಬ ನೋಂದಣಿಯಲ್ಲಿ ದಾಖಲಾಗುತ್ತದೆ. ಆ ಕಾಗದಕ್ಕೆ ಮೊಹರು ಒತ್ತುವುದೋ ಬೇಡವೋ ಎಂಬ ಹಿಂಜರಿಕೆ ಧಾರಾವಾಹಿಗಳಿಗೆ ಒಳ್ಳೆಯ ದೃಶ್ಯ ಒದಗಿಸಬಲ್ಲದು. ಪತ್ರ ವ್ಯವಹಾರ ನಾಟಕೀಯವಲ್ಲವೆಂದೋ ಏನೋ, ಅದನ್ನು ಆತುರವಾಗಿ ದಾಟಿಬಿಡುತ್ತಾರೆ.

ಪ್ರಶ್ನೆ: ಹತ್ತು ವರ್ಷದ ಮಗಳಿರುವ ವಿಧುರರೊಬ್ಬರನ್ನು ಸದ್ಯದಲ್ಲೇ ಮದುವೆಯಾಗಲಿದ್ದೇನೆ. ಗೆಳತಿಯೊಬ್ಬಳು 'ಗಿಬೊ ತೊ ಮುಸುಮೆ ನೊ ಬ್ಲೂಸ್' ನೋಡು, ಎಲ್ಲ ಗೊತ್ತಾಗುತ್ತದೆ ಎಂದಳು. ನೋಡಿದೆ, ಕಣ್ಣೀರೂ ಹಾಕಿದೆ. ಆದರೆ ಅಕಿಕೊಳಂತೆ ನನ್ನಿಂದಾಗದು ಎಂಬ ಭಯವೇ ಹೆಚ್ಚಾಯಿತು. ಇಂಥ ಧಾರಾವಾಹಿಗಳನ್ನು ಎಷ್ಟರ ಮಟ್ಟಿಗೆ ನಂಬಬಹುದು?

ಉತ್ತರ: ಅಕಿಕೊಳಂತೆ ಯಾರಿಂದಲೂ ಆಗದು, ಅದನ್ನು ಬರೆದವರಿಗೂ ಗೊತ್ತು. ಶಾಲೆಯ ಪೋಷಕರ ಸಂಘವನ್ನು ಎದುರುಹಾಕಿಕೊಂಡು ಕ್ರೀಡಾಕೂಟವನ್ನು ತಾನೇ ನಡೆಸಲು ಹೊರಡುವ ಅವಳ ಅತಿಶಯ ಮೂಲತಃ ಹಾಸ್ಯ ಮಂಗಾದ ಬಳುವಳಿ. ಆದರೆ ಆ ಧಾರಾವಾಹಿಯಲ್ಲಿ ನಿಮಗೆ ಉಪಯೋಗವಾಗುವ ಒಂದೆರಡು ಸಂಗತಿಗಳಿವೆ. ಮಿಯುಕಿ ಅವಳನ್ನು ಅಮ್ಮ ಎನ್ನದೆ 'ಅಕಿಕೊ ಸಾನ್' ಎಂದು ಹೆಸರು ಹಿಡಿದೇ ಕರೆಯುತ್ತಾಳೆ, ಅದರಿಂದ ಅವರ ನಂಟಿಗೆ ಯಾವ ಕೊರತೆಯೂ ಆಗುವುದಿಲ್ಲ. ಮಗು ಅಮ್ಮ ಎಂದು ಕರೆಯುವ ಕಣ್ಣೀರಿನ ದೃಶ್ಯವನ್ನೇ ಗುರಿಯಾಗಿ ಇಟ್ಟುಕೊಳ್ಳುವ ಎಷ್ಟೋ ಕಥೆಗಳಿಗಿಂತ ಇದು ಹಿತವಾದ ಮಾದರಿ, ನೀವೂ ಆ ಕರೆಗಾಗಿ ಕಾಯುತ್ತ ಕೂರಬೇಕಿಲ್ಲ. ಎರಡನೆಯದು, ಚಿಕ್ಕಂದಿನಲ್ಲೇ ತಂದೆ ತಾಯಿಯರನ್ನು ಕಳೆದುಕೊಂಡ ಅಕಿಕೊ ತಾನು ಈ ಮಗುವನ್ನು ಬೆಳೆಸಿದ್ದು ತನ್ನ ಸ್ವಾರ್ಥಕ್ಕಾಗಿ ಎಂದು ಕೊನೆಯಲ್ಲಿ ಹೇಳಿಕೊಳ್ಳುತ್ತಾಳೆ. ತ್ಯಾಗಮೂರ್ತಿಯಾಗಬೇಕೆಂಬ ಒತ್ತಡದಿಂದ ಮಲತಾಯಿಗೆ ಇಷ್ಟು ಬಿಡುಗಡೆ ಕೊಟ್ಟ ಮಾತು ಬೇರೆ ಧಾರಾವಾಹಿಗಳಲ್ಲಿ ನನಗೆ ಸಿಕ್ಕಿಲ್ಲ.

ನಂಬಲಾಗದ್ದು ಅದರ ಕಾಲದ ಲೆಕ್ಕ. ರ್‍ಯೋಇಚಿ ಸತ್ತ ಮೇಲೆ ಕಥೆ ಒಂಬತ್ತು ವರ್ಷ ಮುಂದಕ್ಕೆ ಹಾರುತ್ತದೆ. ನಾವು ಮತ್ತೆ ನೋಡುವಾಗ ಮಿಯುಕಿ ಪ್ರೌಢಶಾಲೆಯ ಹುಡುಗಿ, ಇಬ್ಬರೂ ಒಬ್ಬರಿಗೊಬ್ಬರು ಒಗ್ಗಿಹೋಗಿದ್ದಾರೆ. ತಂದೆಯಿಲ್ಲದ ಮನೆಯಲ್ಲಿ ಆ ಇಬ್ಬರು ಹೇಗೆ ಹೊಂದಿಕೊಂಡರು, ಯಾವ ಊಟದ ಮೇಜಿನಲ್ಲಿ ಮಾತು ಬಿಟ್ಟರು, ಮಗಳಿಗೆ ಹನ್ನೆರಡು ತುಂಬಿದಾಗ ಬಾಗಿಲು ಎಷ್ಟು ಜೋರಾಗಿ ಮುಚ್ಚಿಕೊಂಡಿತು ಎಂಬುದೆಲ್ಲ ಆ ಹಾರಿದ ಒಂಬತ್ತು ವರ್ಷಗಳಲ್ಲಿ ಇದೆ, ನಿಮಗೆ ಬೇಕಾಗಿದ್ದೂ ಅದೇ ಭಾಗ. ಅದಕ್ಕೆ 'ತೊರಾ ನಿ ತ್ಸುಬಾಸಾ'ದಲ್ಲಿ ತೊಮೊಕೊ ಮತ್ತು ಯುಮಿ ಆ ಇನ್ನೊಂದು ಮನೆಗೆ ಬಂದಿಳಿಯುವ ವಾರಗಳಿಂದ ನೋಡಲು ಶುರುಮಾಡಿ, ಸಾಧ್ಯವಾದರೆ ನೀವು ಮದುವೆಯಾಗುವವರನ್ನೂ ಜೊತೆಗೆ ಕೂರಿಸಿಕೊಳ್ಳಿ, ಏಕೆಂದರೆ ಅಲ್ಲಿ ಹೆಚ್ಚಿನ ಕೆಲಸ ತಂದೆಗೇ ಇದೆ.